ಹೊತ್ತುನುಂಗಿಯಿಂದ ಬಂದಾಕಿ

ಹೋದ ವಾರ ರಾಯಚೂರಿನ ಬಜಾರದಾಗ ಚಾಪಿ ಮಾರಾಕಿ ಒಬ್ಬಾಕಿ ಹೊಸ ಚಾಪಿ ಮ್ಯಾಲೆ ನೀರು ಚಿಮುಕಿಸಾಕತ್ತಿದ್ಲು. ಬಿಸಲಿಗೆ ಎಳಿ ಸೀಳಬಾರದಂತ ಹಂಗ ಮಾಡ್ತಾರ. ಹಸಿ ಆಪಿನ ಹುಲ್ಲಿನ ವಾಸನಿ ಮೂಗಿಗೆ ಬಡಿದದ್ದೇ ತಡ, ಕಾಯಿಪಲ್ಲೆ ಚೀಲ ಕೆಳಗಿಟ್ಟು ಅಲ್ಲೇ ಕಟ್ಟಿ ಮ್ಯಾಲೆ ಕುಂತುಬಿಟ್ಟೆ. ಯಾಕ್ರೀ ಯವ್ವಾ, ತಲಿ ತಿರುಗಿತೇನು ಅಂತ ಆಕಿ ಕೇಳಿದ್ಲು. ಬಿಸಲು ನೋಡ್ರಿ ಅಂದೆ. ಸುಳ್ಳು ಹೇಳೋದು ನನಗ ಸಣ್ಣಾಕಿದ್ದಾಗಿಂದ ಸಲೀಸು.

ಗಬ್ಬೂರಿನಾಗ ಬಸ್ ಇಳಿದು ಹೊಲದ ದಾರಿ ಹಿಡಿದ್ರ ನಮ್ಮೂರು. ಊರ ಹಿಂದೆ ಒಂದು ಜವುಳು ಇತ್ತು, ಆಳೆತ್ತರ ಆಪು ಬೆಳೆದದ್ದು. ಹೊತ್ತುನುಂಗಿ ಅಂತ ಅದರ ಹೆಸರು. ಅದರಾಗ ಹೊತ್ತು ನಮ್ಮ ಹೊತ್ತಿನಂಗ ನಡೀತಿರಲಿಲ್ಲ. ಎಮ್ಮಿ ಹುಡುಕಾಕ ಹೋದಾವ ಒಂದು ಬೀಡಿ ಸೇದಿ ತಿರುಗಿ ಬಂದ್ರ, ದಂಡಿ ಮ್ಯಾಲೆ ಎರಡು ದಿನ ಕಳೆದಿರ್ತಿದ್ವು. ಒಮ್ಮೆ ಒಳಗ ಹೋದ ನಾಯಿಮರಿ ಐದು ವರ್ಷಾದ ಮ್ಯಾಲೆ ಮರಿಯಾಗೇ ಹೊರಗ ಬಂತಂತ. ನೀವು ನಗತೀರಿ, ನಗರಿ. ನಮಗದು ಬಾವ್ಯಾಗ ನೀರು ಇದ್ದಷ್ಟೇ ಸಹಜ. ಚಾಪಿ ಹೆಣಿಯೋರು ದಂಡಿಯಾಗಿನ ಆಪನ್ನಷ್ಟೇ ಕೊಯ್ತಿದ್ರು, ನಡುವಕ್ಕ ಹೋಗ್ತಿರಲಿಲ್ಲ. ತಡ ಆಗಿ ಬಂದೋರಿಗೆ ಎಷ್ಟು ಹೊತ್ತು ಹೋತು ಅಂತ ಯಾರೂ ಗಕ್ಕನ ಹೇಳಬಾರದಿತ್ತು. ನಮ್ಮ ಆಯಿ, ಅಂದ್ರ ಅಪ್ಪನ ತಾಯಿ, ನಮಗ ಬಾಯಿಪಾಠ ಮಾಡಿಸಿದ್ಲು: "ಮೊದಲು ನೀರು, ಆಮ್ಯಾಲೆ ರೊಟ್ಟಿ, ಕಡೀಕ ಮಾತು. ಆ ಮಾತೂ ಮನಿ ಹಿರೇರ ಬಾಯಿಂದ." ಅಷ್ಟು ಮಾಡಿದ್ರ ಬಂದೋರ ಜೀವ ಮನ್ಯಾಗ ನಿಲ್ಲತಿತ್ತು. ಇಲ್ಲಾಂದ್ರ ತಿರುಗಿ ಒಳಗ ಹೋಗಿಬಿಡ್ತಿದ್ರು.

ನಮ್ಮವ್ವ ಅಪ್ಪಗ ಎರಡನೇ ಹೆಂಡತಿ, ಮಾನ್ವಿ ಕಡೆಯಾಕಿ. ಮೊದಲನೇಕಿ ನೀಲವ್ವ. ಒಂದು ದಿನ ಮುಂಜಾನಿ ರೊಟ್ಟಿಗೆ ಒಲಿ ಮ್ಯಾಲೆ ಎಸರಿಟ್ಟು, ಅದು ಕುದಿಯೋದ್ರಾಗ ಒಂದು ಹೊರಿ ಆಪು ತರ್ತೀನಿ ಅಂತ ಕುಡಗೋಲು ಹಿಡಕೊಂಡು ಹೋದಾಕಿ ಬರಲೇ ಇಲ್ಲ. ಅಪ್ಪ ಒಂದು ವರ್ಷ ದಂಡಿ ಮ್ಯಾಲೆ ತಿರುಗಿದ. ಆಮ್ಯಾಲೆ ಹಿರೇರು ಹೇಳಿದಂಗ ಕೇಳಿ ನಮ್ಮವ್ವನ್ನ ಮಾಡಿಕೊಂಡ. ಆಯಿ ಮಾತ್ರ ದಿನಾ ಒಂದು ರೊಟ್ಟಿ ನೀಲವ್ವನ ಪಾಲು ಅಂತ ಒಲಿ ಮ್ಯಾಲೆ ತೊಲಿಗೆ ತೂಗಬಿಟ್ಟ ನೆಲುವಿನಾಗ ಇಡ್ತಿದ್ಲು. ಮರುದಿನ ಅದನ್ನ ಆಕಳಿಗೆ ಹಾಕಿ ಹೊಸಾದು ಇಡ್ತಿದ್ಲು. ಅವ್ವನ ಜೋಡಿ ಜಗಳಾದಾಗ, ನನ್ನ ನೀಲವ್ವ ಬರ್ಲಿ ತಡಿ, ಆಗ ನಿನ್ನ ಗತಿ ಏನು ನೋಡೋಣಂತ ಅಂತಿದ್ಲು. ಅವ್ವ ನಕ್ಕುಬಿಡ್ತಿದ್ಲು. ನಾನು ಮಾತ್ರ ಅವತ್ತು ರಾತ್ರಿ ಅವ್ವನ ಸೆರಗು ಹಿಡಕೊಂಡೇ ಮಲಗ್ತಿದ್ದೆ.

ಆಗ ನನಗ ಎಂಟು ವರ್ಷ. ಅವತ್ತು ಆಯಿ ಗಬ್ಬೂರಿಗೆ, ಅವ್ವ ಅಪ್ಪ ಮೆಣಸಿನಕಾಯಿ ಹರಿಯಾಕ ಹೊಲಕ್ಕ ಹೋಗಿದ್ರು. ಮಧ್ಯಾಹ್ನ ಬಾಗಿಲದಾಗ ಒಬ್ಬಾಕಿ ಬಂದು ನಿಂತ್ಲು. ಮೊಣಕಾಲ ತನಕ ಕೆಸರು, ತಲಿ ಮ್ಯಾಲೆ ಹಸಿ ಆಪಿನ ಹೊರಿ. ಒಳಗ ಗ್ವಾಡಿ ಮ್ಯಾಲಿನ ಫೋಟೋದಾಗ ಅಪ್ಪನ ಮಗ್ಗಲಕ ಕುಂತಾಕಿನೇ ಆಕಿ, ಒಂದು ಕೂದಲೂ ನೆರೆತಿರಲಿಲ್ಲ. ನಮ್ಮವ್ವಗಿಂತ ಚಂದ ಇದ್ಲು. ಯಾರ ಕೂಸೇ ನೀನು ಅಂತ ನಕ್ಕೋತ ಕೇಳಿ, "ಎಸರಿಟ್ಟು ಹೋಗಿದ್ದೆ, ಆರಿತೇನು?" ಅಂದ್ಲು.

ನೀರಿನ ಕೊಡ ನನ್ನ ಮಗ್ಗಲಕ್ಕೇ ಇತ್ತು. ನೆಲುವಿನಾಗ ಆಕಿ ರೊಟ್ಟಿ ಇತ್ತು, ಮುಂಜಾನಿ ಬಡಿದದ್ದು. ನಾನು ಕುಂತಲ್ಲಿಂದ ಏಳಲಿಲ್ಲ. "ಎಸರು ಆರಿ ಹತ್ತು ವರ್ಷಾತು. ಈಗ ಈ ಮನ್ಯಾಗ ನಮ್ಮವ್ವ ಅದಾಳ. ನಿನ್ನ ಯಾರೂ ನೆನಸಂಗಿಲ್ಲ," ಅಂದೆ. ಹತ್ತು ವರ್ಷ ಖರೇ, ನಮ್ಮವ್ವ ಇದ್ದದ್ದೂ ಖರೇ. ಮೂರನೇ ಮಾತು ಹೇಳೋವಾಗ ನೆಲುವು ನನ್ನ ಕಣ್ಣ ಮುಂದೇ ಇತ್ತು.

ಆಕಿ ಅಳಲಿಲ್ಲ. ಒಲಿ ಕಡೆ ನೋಡಿದ್ಲು, ನನ್ನ ನೋಡಿದ್ಲು. ಹೊರಿ ಇಳಿಸಿ ಗ್ವಾಡಿಗೆ ಆನಿಸಿ, ನಿಮ್ಮವ್ವಗ ಕೊಡು, ನಿನಗ ಚಾಪಿ ಹೆಣೀಲಿ ಅಂದು ಬಂದ ದಾರಿ ಹಿಡಿದು ಹೋದ್ಲು. ಕರೀಬೇಕಿತ್ತು. ಕರೀಲಿಲ್ಲ.

ಆಪು ಮಾರೋರು ಕೊಟ್ಟು ಹೋದ್ರು ಅಂತ ಮನ್ಯಾಗ ಹೇಳಿದೆ. ಆಯಿ ಬಂದು ಹೊರಿ ಬಿಗಿದ ಗಂಟು ಬೆರಳಿಲೆ ಸವರಿದ್ಲು, ಬಾಳ ಹೊತ್ತು. ನೀಲವ್ವ ಹಾಕೋ ಗಂಟಿನ ಗುರ್ತು ಆಕಿಗೆ ಹತ್ತಿತ್ತು ಅಂತ ಈಗ ಅನಸ್ತದ. ಅವತ್ತಿನಿಂದ ನೆಲುವಿನಾಗ ಎರಡು ರೊಟ್ಟಿ ಇಡಾಕ ಸುರು ಮಾಡಿದ್ಲು, ಉಣ್ಣದೇ ಹೋದ ಪಾಲೂ ಸೇರಿಸಿದಂಗ. ಅವ್ವ ಆ ಆಪಿನಿಂದ ನನಗ ಚಾಪಿ ಹೆಣೆದ್ಲು. ಮದುವಿ ಆಗಿ ಹೋಗೋ ತನಕ ಅದರ ಮ್ಯಾಲೇ ಮಲಗಿದೆ. ಮಳಿಗಾಲದ ತೇವಕ್ಕ ಅದು ವಾಸನಿ ಬಿಡ್ತಿತ್ತು, ಆಗ ಮಗ್ಗಲಾ ಬದಲಿಸ್ತಿದ್ದೆ. ಆಯಿ ಸಾಯೋವಾಗ ಬಾಯಿಗೆ ನೀರು ಬಿಟ್ಟಾಕಿ ನಾನೇ. ಹೇಳಾಕ ನಾಲಿಗಿ ಏಳಲಿಲ್ಲ. ಅಪ್ಪಗೂ ಹೇಳಲಿಲ್ಲ, ಅವ್ವಗೂ ಇಲ್ಲ. ಸಣ್ಣ ಹುಡುಗಿ, ಏನು ತಿಳೀತದ ಅಂತ ನೀವು ಅಂದೀರಿ. ತಿಳೀತಿತ್ರೀ. ತಿಳಿದೇ ಹೇಳಿದೆ.

ಕಾಲುವಿ ಬಂದ ಮ್ಯಾಲೆ ಜವುಳು ನೆಲ್ಲಿನ ಗದ್ದಿ ಆಗೇದ. ನಡುವಿನ ತುಸು ಜಾಗ ಮಾತ್ರ ಹಂಗೇ ಅದ, ಅಲ್ಲಿಗೆ ಟ್ರಾಕ್ಟರ್ ಹೊಡಿಯಾಕ ಯಾರೂ ಒಪ್ಪಂಗಿಲ್ಲ. ನಮ್ಮ ಮನಿ ಬಿದ್ದುಹೋತು, ನೆಲುವು ಕಟ್ಟಿದ ತೊಲಿನೂ ಉಳಿದಿಲ್ಲ. ನಾನು ಐತವಾರಕ್ಕೊಮ್ಮೆ ಬಸ್ ಹತ್ತಿ ಹೋಗಿ ದಂಡಿ ಮ್ಯಾಲೆ ಕುಂದ್ರತೀನಿ, ಒಂದು ತಂಬಿಗಿ ನೀರು, ಎರಡು ರೊಟ್ಟಿ ಇಟ್ಕೊಂಡು. ನನ್ನ ತಲಿ ಬೆಳ್ಳಗಾಗೇದ. ಒಳಗ ನೀಲವ್ವಗ ಇನ್ನೂ ಅದೇ ಮಧ್ಯಾಹ್ನ ಇದ್ದೀತು, ನಾನು ಅಂದ ಮಾತು ಇನ್ನೂ ಆಕಿ ಕಿವ್ಯಾಗ ಇದ್ದೀತು. ಬಂದ್ರ ಮೊದಲು ನೀರು ಕೊಡ್ತೀನಿ, ಆಮ್ಯಾಲೆ ರೊಟ್ಟಿ. ಕಡೀ ಮಾತು ಮನಿ ಹಿರೇರೇ ಹೇಳಬೇಕು. ಹಿರೇಕಿ ಅಂತ ಈಗ ಉಳಿದಾಕಿ ನಾನೊಬ್ಬಾಕಿನೇ.