ಸೆಲ್ವಂ ಫೋನ್ ಮಾಡಿದ್ದ

ಸೆಲ್ವಂ ನನಗೆ ಫೋನ್ ಮಾಡಿದ್ದ. ಮಾಡಲೇ ಇಲ್ಲವೆಂದು ನಾನು ಅವನ ಮೇಲಧಿಕಾರಿಯ ಎದುರು ಹೇಳಿದೆ. ಆ ಒಂದು ಸುಳ್ಳಿನಿಂದ ನನ್ನ ಬಾಕಿ ಪೂರ್ತಿ ಬಂತು — ಅವನ ಕೆಲಸ ಹೋಯಿತು.

ತೊಂಬತ್ತರ ದಶಕದ ಮಾತು. ಏಳನೇ ಕ್ಲಾಸಿಗೇ ಶಾಲೆ ಬಿಟ್ಟ ಉಡುಪಿ ಕಡೆಯವನು ನಾನು. ಸಿಂಗಾಪುರಕ್ಕೆ ಬಂದು, ಗಾರೆ ಕಲಸುವುದರಿಂದ ಶುರುಮಾಡಿ, ಅಲ್ಲಿನ ಉಬಿ ಕೈಗಾರಿಕಾ ಪ್ರದೇಶದಲ್ಲಿ ಸ್ವಂತ ಶೆಡ್ ಹಾಕಿದವನು. ಆ ಹೆಮ್ಮೆ ಸ್ವಲ್ಪ ಜಾಸ್ತಿಯೇ ಇತ್ತು. ಒಂದು ಸರಕಾರಿ ಶಾಲೆಯ ಗೋಡೆ ರಿಪೇರಿಯ ಕಂಟ್ರಾಕ್ಟ್ ಸಿಕ್ಕಿತು. ಅರ್ಧ ಕೆಲಸ ಆಗಿತ್ತು, ಅಷ್ಟರಲ್ಲಿ ಶಾಲೆಯನ್ನೇ ಕೆಡವುತ್ತೇವೆ, ನಿಲ್ಲಿಸಿ ಎಂದರು. ಆದಷ್ಟು ಕೆಲಸಕ್ಕೆ ದುಡ್ಡು ಕೊಡುತ್ತಾರೆ. ಆದರೆ ಕೆಡವುವ ಮೊದಲು ಎರಡೂ ಕಡೆಯವರು ನಿಂತು ಅಳತೆ ಮಾಡಬೇಕು.

ಸೆಲ್ವಂ ಆ ಕಂಟ್ರಾಕ್ಟ್ ಕೊಟ್ಟ ಸರಕಾರಿ ಕಚೇರಿಯ ಸೈಟ್ ಸೂಪರ್‌ವೈಸರ್. ನಾವು ತಮಿಳಿನಲ್ಲೇ ಮಾತಾಡುತ್ತಿದ್ದೆವು. “ಅಣ್ಣಾ, ನಿಮ್ಮ ತಮಿಳು ಕೇಳಿದ್ರೆ ಸತ್ತ ನಮ್ಮಜ್ಜಿ ಎದ್ದು ಬರ್ತಾಳೆ,” ಎಂದು ನಗುತ್ತಿದ್ದ. ಶೆಡ್ಡಿಗೆ ಫೋನ್ ಮಾಡಿದವನು ಅವನೇ.

“ಅಣ್ಣಾ, ಬುಧವಾರ ಬೆಳಿಗ್ಗೆ ಅಳತೆ. ನೀವು ಬರ್ಲೇಬೇಕು. ಕೋಪ ಎಲ್ಲ ಆಮೇಲೆ ಮಾಡ್ಕೊಳ್ಳಿ ಲಾ.” ಅಲ್ಲಿನವರ ಹಾಗೆ ಮಾತಿನ ಕೊನೆಗೊಂದು ‘ಲಾ’ ಸೇರಿಸುವುದು ಅವನ ಅಭ್ಯಾಸ.

“ನನ್ನ ಕೆಲಸ ಗೋಡೆ ಮೇಲಿದೆ. ಕಣ್ಣಿದ್ದವರು ನೋಡ್ಕೊಳ್ಳಲಿ,” ಎಂದು ಫೋನ್ ಇಟ್ಟುಬಿಟ್ಟೆ.

ಹೋಗಲಿಲ್ಲ. ನಿಲ್ಲಿಸು ಎಂದರೆ ನಿಲ್ಲಿಸಲು, ಬಾ ಎಂದರೆ ಓಡಲು ನಾನೇನು ಅವರ ಜೀತದವನೇ — ಹೀಗಿತ್ತು ನನ್ನ ಲೆಕ್ಕ. ಅವರು ಅಳೆದುಕೊಂಡು ಹೋದರು. ಮೇಲೆ ಕಾಣುವ ಗಾರೆ ಮಾತ್ರ ಲೆಕ್ಕಕ್ಕೆ ಬಂತು. ಒಳಗೆ ಕೆತ್ತಿ ತೆಗೆದದ್ದು, ತುಕ್ಕು ಹಿಡಿದ ಕಬ್ಬಿಣ ಉಜ್ಜಿದ್ದು — ತೋರಿಸಲು ನಾನೇ ಇರಲಿಲ್ಲವಲ್ಲ. ಕೆಲಸದವರ ಸಂಬಳವೂ ಹುಟ್ಟದ ಮೊತ್ತ ಬರೆದರು. ನಾನು ತಕರಾರು ಎತ್ತುವಾಗ ಶಾಲೆ ಮಣ್ಣಾಗಿತ್ತು.

ತಂಜಾಂಗ್ ಪಗಾರ್‌ನ ಅವರ ಕಚೇರಿಗೆ ಕರೆಸಿದರು. ಮೇಜಿನ ಆಚೆ ಸೆಲ್ವಂನ ಮೇಲಧಿಕಾರಿ ಮೇಡಂ. ಪಕ್ಕದಲ್ಲಿ ಸೆಲ್ವಂ ನಿಂತಿದ್ದ. ನಿಮ್ಮನ್ನು ಕರೆಯದೆ ಅಳೆದಿದ್ದರೆ ನೀವು ಕೊಟ್ಟ ಅಳತೆಯನ್ನೇ ನಾವು ಒಪ್ಪಬೇಕಾಗುತ್ತದೆ ಎಂದು ಮೇಡಂ ಬಿಡಿಸಿ ಹೇಳಿದರು. ಆಮೇಲೆ ಕೇಳಿದರು — ಇವರು ನಿಮಗೆ ಫೋನ್ ಮಾಡಿದ್ದರೇ?

ಸೆಲ್ವಂ ನನ್ನತ್ತ ನೋಡಿ ಸಣ್ಣಗೆ ನಕ್ಕ. ಅಣ್ಣ ಹೇಳ್ತಾರೆ ಬಿಡಿ, ಎನ್ನುವ ಹಾಗೆ.

“ನೋ ಮೇಡಂ. ನೋಬಡಿ ಕಾಲ್.”

ನನ್ನ ಇಂಗ್ಲಿಷ್ ಅಷ್ಟೇ. ಅದಕ್ಕಿಂತ ಹೆಚ್ಚು ಬೇಕಾಗಲೂ ಇಲ್ಲ.

ದುಡ್ಡು ಬಂತು. ಕೆಲಸದವರ ಸಂಬಳ ಕೊಟ್ಟೆ — ಇಷ್ಟಕ್ಕೇ ನಿಲ್ಲಿಸಿದರೆ ನಾನು ಒಳ್ಳೆಯವನಾಗಿ ಕಾಣುತ್ತೇನೆ. ಉಳಿದದ್ದರಲ್ಲಿ ವ್ಯಾನ್ ಕೊಂಡೆ. ನನ್ನ ಬೆವರಿನ ಹಣವೇ, ಸಂಶಯವಿಲ್ಲ. ಅದನ್ನು ಕೈಗೆ ತಂದ ಮಾತು ಮಾತ್ರ —

ಕೆಲಸ ಹೋದ ಮೇಲೆ ಸೆಲ್ವಂ ಒಂದು ಸಲ ಶೆಡ್ಡಿಗೆ ಬಂದ. ಕೂಗಾಡುತ್ತಾನೆಂದು ತಯಾರಾಗಿದ್ದೆ, ಕೂಗಿದ್ದರೆ ನಾನೂ ಕೂಗುತ್ತಿದ್ದೆ. ಅವನು ಮೆಲ್ಲಗೆ ಕೇಳಿದ: “ಅಣ್ಣಾ, ನಾನು ಮಾತಾಡಿದ್ದು ನಿಮ್ಮ ಹತ್ರಾನೇ ತಾನೆ? ಬೇರೆ ಯಾವ ಕಂಟ್ರಾಕ್ಟರಿಗಾದ್ರೂ ಮಾಡಿ, ನಿಮಗೆ ಅಂತ ಅಂದ್ಕೊಂಡ್ನಾ? ಹೆಂಡತಿ ಕೇಳ್ತಾಳೆ. ಈಗ ನನಗೇ ಗೊತ್ತಾಗ್ತಿಲ್ಲ.”

ಆಗಲಾದರೂ — ಶೆಡ್ಡಿನಲ್ಲಿ ನಾವಿಬ್ಬರೇ ಇದ್ದೆವು. ಮೇಡಂ ಇರಲಿಲ್ಲ, ದುಡ್ಡೂ ಆಗಲೇ ಬಂದಾಗಿತ್ತು.

“ಬೇರೆ ಯಾರಿಗೋ ಮಾಡಿರಬೇಕು ಮಾರಾಯ,” ಎಂದೆ. ಚಾ ತರಿಸಿದೆ. ಕುಡಿದ. ಥ್ಯಾಂಕ್ಸ್ ಹೇಳಿ ಹೋದ.

ಕೆಲಸ ಕಿತ್ತುಕೊಂಡದ್ದು ಒಂದು ಪಾಪ. ಅವನ ನೆನಪಿನ ಮೇಲೆ ಅವನಿಗಿದ್ದ ನಂಬಿಕೆಯನ್ನೂ ಕಿತ್ತುಕೊಂಡೆನಲ್ಲ — ಅದಕ್ಕೆ ಏನು ಹೆಸರೋ ಗೊತ್ತಿಲ್ಲ.

ಸರಕಾರದ ಬಾಯಿಂದ ಬಾಕಿ ಕಕ್ಕಿಸಿದವನು ಎಂದು ನಮ್ಮವರ ನಡುವೆ ಇಷ್ಟು ವರ್ಷ ಮೆರೆದೆ. ಮಗಳು ಆ ಕಥೆ ಕೇಳುತ್ತಲೇ ಬೆಳೆದಳು. ತನ್ನ ಗಂಡನ ಮನೆಯಲ್ಲೂ ಹೇಳಿದ್ದಾಳಂತೆ. ಇದನ್ನು ಕನ್ನಡದಲ್ಲಿ ಬರೆದಿದ್ದೇನೆ. ಸೆಲ್ವಂಗೆ ಕನ್ನಡ ಬಾರದು — ಅಂದರೆ ಇದೂ ಒಂದು ಹೇಡಿತನವೇ.

ಅವನ ವಿಳಾಸ ಸಿಕ್ಕಿದೆ. ಭಾನುವಾರ ಮಗಳು ಬರುತ್ತಾಳೆ. ನನಗೆ ತಮಿಳು ಬರೆಯಲು ಬಾರದು, ಅವನಿಗೆ ಹಾಕುವ ಕಾಗದವನ್ನು ನಾನು ಹೇಳಿದ ಹಾಗೆ ಇಂಗ್ಲಿಷಿನಲ್ಲಿ ಅವಳೇ ಬರೆದುಕೊಡಬೇಕು. ಮೊದಲ ಸಾಲಿಗೇ ಪೆನ್ನು ನಿಲ್ಲಿಸಿ, ತಲೆಯೆತ್ತಿ ನನ್ನ ಮುಖ ನೋಡುತ್ತಾಳೆ.

ನೋಡಲಿ.