ಹಗ್ಗ ಎಳೆಯದೆ ಬಿಟ್ಟ ಎರಡು ಗಂಟೆ

ನಮ್ಮ ಚಿಕ್ಕಪ್ಪ ಮಣ್ಣು ಅಗೆಯುವ ಯಂತ್ರಗಳ ಕಾರ್ಖಾನೆಯಲ್ಲಿ ಇಪ್ಪತ್ತೆರಡು ವರ್ಷ ವೆಲ್ಡಿಂಗ್ ಪರೀಕ್ಷೆ ಮಾಡಿದವರು. ಯಂತ್ರದ ಉದ್ದನೆಯ ತೋಳಿಗೆ ವೆಲ್ಡಿಂಗ್ ಆದ ಕಡೆ ಕೆಂಪು ಬಣ್ಣ ಬಳಿದು, ಒರೆಸಿ, ಮೇಲೆ ಬಿಳಿ ಪುಡಿ ಚಿಮ್ಮಿಸಿದರೆ, ಬಿರುಕು ಇದ್ದಲ್ಲಿ ಕೂದಲಿನಷ್ಟು ತೆಳ್ಳಗೆ ಕೆಂಪು ಗೆರೆ ಮೂಡುತ್ತದೆ. ಆ ಬಣ್ಣ ಅವರ ಉಗುರಿನ ಸಂದಿಯಿಂದ ಎಂದೂ ಹೋಗಲಿಲ್ಲ. ಅದಕ್ಕೇ ಎಲ್ಲರ ಬಾಯಲ್ಲೂ ಅವರು ಕೆಂಪಣ್ಣ.

ಒಂದು ವರ್ಷ ‘ಲೀನ್’ ಎಂಬ ಹೊಸ ಪದ್ಧತಿ ಬಂತು. ಕೊನೆಯಲ್ಲಿ ನಿಂತು ತಪ್ಪು ಹುಡುಕುವುದು ದಂಡದ ಕೆಲಸ, ಹುಟ್ಟಿದ ಜಾಗದಲ್ಲೇ ಅದನ್ನು ಹಿಡಿಯಬೇಕು ಎಂದು ಕಲಿಸಲು ಬಂದವರು ಹೇಳಿದರು. ಯಂತ್ರಗಳು ಸಾಲಾಗಿ ತಯಾರಾಗುತ್ತಾ ಸಾಗುವ ಲೈನಿನ ಉದ್ದಕ್ಕೂ ಹಗ್ಗ ಕಟ್ಟಿಸಿದರು. ತಪ್ಪು ಕಂಡವರು ಯಾರೇ ಎಳೆಯಲಿ, ಗಂಟೆ ಹೊಡೆದು ಲೈನು ನಿಲ್ಲಬೇಕು. ಚಿಕ್ಕಪ್ಪನ ಪರೀಕ್ಷೆಯ ಮೇಜು ತೆಗೆದು ಅವರನ್ನೂ ಲೈನಿಗೆ ಹಾಕಿದರು. ಅವರಿಗೆ ಬೇಸರವಾಗಲಿಲ್ಲ. ಮನೆಗೆ ಬಂದು ಚಿಕ್ಕಮ್ಮನಿಗೆ ಹೇಳಿದರು:

“ಇದು ಸರಿಯಾದ ಮಾತು ಕಣೇ. ನಾನು ಇಷ್ಟು ವರ್ಷ ಸೀದ ಮೇಲೆ ಪಾತ್ರೆ ಮೂಸ್ತಿದ್ದೆ, ಅಷ್ಟೆ.”

“ಮನೇಲೂ ಒಂದು ಹಗ್ಗ ಕಟ್ಟಿ. ನಿಮ್ಮ ಮಾತು ಜಾಸ್ತಿಯಾದಾಗ ಎಳೀತೀನಿ,” ಅಂದರು ಚಿಕ್ಕಮ್ಮ.

ಮೊದಲ ತಿಂಗಳು ದಿನಕ್ಕೆ ಹತ್ತು ಸಲ ಗಂಟೆ ಹೊಡೆಯಿತು. ತಗಡು ಹಿಡಿಯುವ ಚೌಕಟ್ಟು ಸವೆದದ್ದು, ವೆಲ್ಡಿಂಗ್ ತಂತಿಗೆ ತೇವ ಹಿಡಿದದ್ದು ಹೊರಬಿತ್ತು. ಬಿರುಕು ಅರ್ಧಕ್ಕರ್ಧ ಕಡಿಮೆಯಾಯಿತು. ಆಮೇಲೆ ಯಾರೋ ಗೋಡೆಗೆ ಒಂದು ಹಲಗೆ ಹಾಕಿಸಿದರು: ಲೈನು ನಿಲ್ಲದೆ ಎಷ್ಟು ದಿನ. ಅಂದಿನಿಂದ ಹಗ್ಗ ಮುಟ್ಟಿದವನನ್ನು ಜನ ಗುರಾಯಿಸತೊಡಗಿದರು.

“ಕೆಂಪಣ್ಣ, ಕೈ ಜೇಬಲ್ಲಿ ಇಟ್ಕೊಳ್ಳಪ್ಪ. ಮತ್ತೆ ಸೊನ್ನೆಯಿಂದ ಎಣಿಸೋಕೆ ನಮ್ಮ ಕೈಲಾಗಲ್ಲ.”

ನೂರನೆಯ ದಿನ ಮಧ್ಯಾಹ್ನ ಒಂದು ತೋಳಿನ ಬುಡದಲ್ಲಿ ಚಿಕ್ಕಪ್ಪನಿಗೆ ಅನುಮಾನ ಬಂತು. ಬಣ್ಣ ಬಳಿದು ನೋಡಿದರು. ಹೆಬ್ಬೆರಳುದ್ದದ ಗೆರೆ. ಅವರ ಕೈ ಹಗ್ಗಕ್ಕೆ ಹೋಗುವಷ್ಟರಲ್ಲಿ ಸೂಪರ್‌ವೈಸರ್ ಓಡಿ ಬಂದ.

“ಅಣ್ಣಾ, ನೂರು ದಿನ ಆಯ್ತು ಅಂತ ನಾಲ್ಕು ಗಂಟೆಗೆ ದೊಡ್ಡೋರು ಬರ್ತಾರೆ. ಎರಡೇ ಗಂಟೆ ತಡ್ಕೊಳ್ಳಿ. ಇದೊಂದನ್ನ ನಾನೇ ಪಕ್ಕಕ್ಕೆ ತೆಗೆಸ್ತೀನಿ.”

“ಮರೆಯಲ್ಲ ತಾನೆ?”

“ನನ್ನ ಮಕ್ಕಳಾಣೆ.”

ಚಿಕ್ಕಪ್ಪ ತೋಳಿನ ಮೇಲೆ ಸೀಮೆಸುಣ್ಣದ ಗುರುತು ಹಾಕಿ, ಹಗ್ಗ ಬಿಟ್ಟರು.

ದೊಡ್ಡವರು ಬಂದರು. ಚಪ್ಪಾಳೆಯಾಯಿತು. ಫೋಟೊಗೆ, ಹಳಬರೆಂದು, ಚಿಕ್ಕಪ್ಪನನ್ನು ಎಲ್ಲರ ಮುಂದೆ ನಿಲ್ಲಿಸಿದರು. ಆ ಗಡಿಬಿಡಿಯಲ್ಲಿ ಸೂಪರ್‌ವೈಸರ್ ಮರೆತ. ಲೈನು ಮಾತ್ರ ಓಡುತ್ತಲೇ ಇತ್ತು. ಹಳದಿ ಬಣ್ಣ ಹೊಡೆಯುವ ಮುಂಚೆ ತೋಳನ್ನು ತೊಳೆಯುತ್ತಾರೆ. ಸುಣ್ಣದ ಗುರುತು ಹೋಯಿತು. ನಂಬರಿನ ತಗಡು ಕೂರಿಸುವುದು ಬಣ್ಣ ಒಣಗಿದ ಮೇಲೆ, ಹಾಗಾಗಿ ಯಾವ ತೋಳು ಎಂದು ಹೇಳಲು ನಂಬರೂ ಇಲ್ಲ. ಚಿಕ್ಕಪ್ಪ ಹಿಂದಿನ ಅಂಗಳಕ್ಕೆ ಓಡಿದಾಗ ಅಲ್ಲಿ ಆರು ಹಳದಿ ತೋಳುಗಳು ಒಂದೇ ತರಹ ಮಲಗಿದ್ದವು. ಹಳದಿಯ ಕೆಳಗಿನ ಬಿರುಕನ್ನು ಕೆಂಪು ಬಣ್ಣ ತೋರಿಸುವುದಿಲ್ಲ.

“ಆರರ ಬಣ್ಣವನ್ನೂ ಕೆರೆಸು,” ಅಂದರು ಸೂಪರ್‌ವೈಸರಿಗೆ.

“ಎರಡು ದಿನದ ಕೆಲಸ ಅಣ್ಣಾ. ಯಾಕೆ ಅಂತ ಕೇಳಿದ್ರೆ ಏನ್ ಹೇಳ್ಲಿ? ನೋಡಿಯೂ ಸುಮ್ನಿದ್ವಿ ಅಂತಾನಾ?”

ಮರುದಿನ ಬೆಳಿಗ್ಗೆ ಚಿಕ್ಕಪ್ಪ ಮ್ಯಾನೇಜರ ಬಳಿ ಹೋಗಿ, ತಮ್ಮ ತಪ್ಪನ್ನೂ ಸೇರಿಸಿ, ಎಲ್ಲ ಹೇಳಿದರು. ಅಷ್ಟರಲ್ಲಿ ಆ ತೋಳುಗಳನ್ನು ಹೊತ್ತ ಲಾರಿಗಳು ಹೊರಟುಹೋಗಿದ್ದವು.

“ಬಿರುಕು ಬಿಟ್ರೆ ಕೊಂಡೋರೇ ಫೋನ್ ಮಾಡ್ತಾರೆ ಬಿಡಿ,” ಅಂದರು ಮ್ಯಾನೇಜರು. ಚಿಕ್ಕಪ್ಪನನ್ನು ಯಾರೂ ಬೈಯಲಿಲ್ಲ. ಹಲಗೆಯ ಮೇಲೆ ನೂರ ಒಂದು ಎಂದು ಬರೆದರು.

ಈಗ ಅವರು ಕೆಲಸದಲ್ಲಿಲ್ಲ. ರಸ್ತೆ ಬದಿ ಎಲ್ಲೇ ಹಳದಿ ಯಂತ್ರ ಅಗೆಯುತ್ತಿದ್ದರೂ ನಿಂತು ತೋಳಿನ ಬುಡ ನೋಡುತ್ತಾರೆ. ಕೆಳಗೆ ಗುಂಡಿಯಲ್ಲಿ ಜನ ಇದ್ದರೆ, “ಸ್ವಲ್ಪ ಈ ಕಡೆ ನಿಂತ್ಕೊಳ್ರಪ್ಪಾ,” ಎನ್ನುತ್ತಾರೆ. ಗುಂಡಿಯಲ್ಲಿದ್ದವರು ನಕ್ಕು, ಅಲ್ಲೇ ಕೆಲಸ ಮುಂದುವರಿಸುತ್ತಾರೆ.