ತಂಗಿಯ ಮಂಚಕ್ಕೆ ಕೆತ್ತಿದ ತಡಿ

ಬೀದಿಯವರೆಲ್ಲ ಅವಳನ್ನು ಕರೆಯುತ್ತಿದ್ದುದು ಬಂದಕ್ಕ ಎಂದು. ಯಾರು ಅಂಗಡಿಯ ಬಾಗಿಲಲ್ಲಿ ನಿಂತು ಕೂಗಿದರೂ ಒಳಗಿನಿಂದ “ಬಂದೆ, ಬಂದೆ” ಎನ್ನುವಳು. ಬರುವಷ್ಟರಲ್ಲಿ ಕೂಗಿದವರು ಮನೆಗೆ ಹೋಗಿ ಉಂಡು, ಒಂದು ನಿದ್ದೆ ತೆಗೆದು, ಮತ್ತೆ ಬಂದು ನಿಂತಿರುತ್ತಿದ್ದರು. ಪಾಪ, ಅವಳು ಸುಳ್ಳು ಹೇಳುವ ಪೈಕಿ ಅಲ್ಲ. ಅವಳ ಲೆಕ್ಕದಲ್ಲಿ, ಯಾರಾದರೂ ಕೂಗಿದ ಕೂಡಲೇ ಅವಳು ಎದ್ದಿರುತ್ತಿದ್ದಳು. ತಪ್ಪೆಲ್ಲ ಆ ಅಂಗಡಿಯದು.

ಅವಳ ಕಸುಬು ಮರದಲ್ಲಿ ಹೊತ್ತಿನ ಗುರುತು ಕೆತ್ತುವುದು. ಇರುವುದು ಎರಡೇ ಗುರುತು. ಒಂದರ ಹೆಸರು ತಡಿ, ಇನ್ನೊಂದರದು ನಡಿ. ಹಾಲಿಡುವ ಪೆಟ್ಟಿಗೆಗೆ ತಡಿ ಕೆತ್ತಿದರೆ ಒಳಗೆ ಹೊತ್ತು ತೆವಳುತ್ತದೆ, ವಾರವಾದರೂ ಹಾಲು ಒಡೆಯುವುದಿಲ್ಲ. ಬೇಕರಿಯವನ ಹಿಟ್ಟಿನ ತೊಟ್ಟಿಗೆ ನಡಿ ಕೆತ್ತಿದರೆ ಅವನು ಕೈ ತೊಳೆದು ಬರುವಷ್ಟರಲ್ಲಿ ಹಿಟ್ಟು ಉಬ್ಬಿ ಕೂತಿರುತ್ತದೆ. ಜನ ಹೆಚ್ಚಾಗಿ ಕೇಳುತ್ತಿದ್ದುದು ತಡಿಯನ್ನೇ. ಕೆತ್ತಿ ಮುಗಿಸಿದ ಹಲಗೆಗಳು ಅಂಗಡಿಯ ನಾಲ್ಕೂ ಗೋಡೆಗೆ ಒರಗಿರುತ್ತಿದ್ದವು. ಅಷ್ಟು ತಡಿಗಳ ನಡುವೆ ಉಳಿ ಹಿಡಿದು ಕೂತವಳಿಗೆ ಒಂದು ಬೆಳಗು ಕಳೆಯುವಷ್ಟರಲ್ಲಿ ಹೊರಗೆ ವಾರ ಉರುಳಿರುತ್ತಿತ್ತು.

ಹೀಗೆ ಒಂದು ಸಲ ತಲೆ ಎತ್ತಿದಾಗ ತಂಗಿಯ ಮದುವೆ ಆಗಿಹೋಗಿತ್ತು. ಇನ್ನೊಂದು ಸಲ ಎತ್ತಿದಾಗ ತಂಗಿಯ ಗಂಡ ತೀರಿಕೊಂಡಿದ್ದ. ಜೊತೆಗೆ ಕುಂಟಾಬಿಲ್ಲೆ ಆಡಿದವರೆಲ್ಲ ಅಜ್ಜಿಯರಾದರು, ಕೆಲವರು ಹೇಳದೆ ಕೇಳದೆ ಹೋಗಿಯೇಬಿಟ್ಟರು. ಅಕ್ಕನ ತಲೆಯಲ್ಲಿ ಮಾತ್ರ ಒಂದು ಬಿಳಿ ಕೂದಲಿಲ್ಲ. ಹೊಟ್ಟೆಕಿಚ್ಚು ಪಡುವವರು ಪಡಲಿ. ಹಳೆಯದೊಂದು ಮಾತು ನೆನಪಾಗಿ ನಗು ಬಂದರೆ ಹಂಚಿಕೊಳ್ಳಲು ಯಾರೂ ಇಲ್ಲದವಳ ಪಾಡು ಅವಳಿಗೇ ಗೊತ್ತು.

ಉಳಿದವಳು ತಂಗಿ ಒಬ್ಬಳೇ. ಪಕ್ಕದ ಬೀದಿಯಲ್ಲಿ ಬಟ್ಟೆ ಹೊಲಿಯುತ್ತಿದ್ದಳು. ಅಕ್ಕನಿಗೆ ಹಸಿವಾಗುವ ಹೊತ್ತಲ್ಲ, ಹಸಿವಾಗುವ ದಿನ ಅವಳಿಗೆ ಗೊತ್ತಿತ್ತು. ಆ ದಿನ ಊಟದ ಡಬ್ಬಿ ಹಿಡಿದು ಬಿಸಿಲಲ್ಲಿ ನಿಂತು ಕೂಗುವಳು. ಒಳಗೆ ಕಾಲಿಡುತ್ತಿರಲಿಲ್ಲ.

“ಒಳಗೆ ಬಂದು ಕೂತ್ಕೊಳ್ಳೇ.”

“ನಿನ್ನ ಹತ್ರ ಕೂತು ಎದ್ದು ಬರೋ ಅಷ್ಟರಲ್ಲಿ ಗಿರಾಕಿಗಳು ನನ್ನ ಮರ್ತೇ ಹೋಗಿರ್ತಾರೆ. ನೀನೇ ಬಾ ಹೊರಗೆ!”

“ಬಂದೆ, ಬಂದೆ.”

ತಂಗಿ ಹಾಸಿಗೆ ಹಿಡಿದಳೆಂದು ಸುದ್ದಿ ಬಂದಾಗ ಅಕ್ಕ ಉಳಿಯನ್ನು ಸೊಂಟಕ್ಕೆ ಸಿಕ್ಕಿಸಿಕೊಂಡೇ ಓಡಿದಳು. ಡಾಕ್ಟರು ಕೈಚೆಲ್ಲಿದ್ದರು. “ಒಂದು ವಾರ ಇದ್ರೆ ಹೆಚ್ಚು. ಮೊಮ್ಮಗಳು ನೀವೇನಾ?” ಎಂದು ಕೇಳಿದರು.

“ಅಯ್ಯೋ ಡಾಕ್ಟ್ರೇ, ಅವಳು ನನ್ನ ಅಕ್ಕ” ಎಂದಳು ಮಂಚದ ಮೇಲಿನ ಮುದುಕಿ. ಡಾಕ್ಟರು ಜ್ವರ ತಲೆಗೇರಿದೆ ಎಂದುಕೊಂಡು ಹೊರಟರು.

ತಂಗಿ ನಿದ್ದೆ ಹೋದ ಮೇಲೆ ಅಕ್ಕ ಮಂಚದ ತಲೆಹಲಗೆಯ ಮುಂದೆ ಮಂಡಿಯೂರಿದಳು. ಯಾರನ್ನೂ ಕೇಳಲಿಲ್ಲ. ಇವಳೂ ಹೋದರೆ ತನಗಿನ್ನು ಯಾರು? ಜೀವಮಾನದಲ್ಲೇ ಕೆತ್ತದಷ್ಟು ಆಳವಾಗಿ ಒಂದು ತಡಿ ಕೆತ್ತಿದಳು. ಮಂಚದ ಮೇಲಿನ ಉಸಿರು ನಿಧಾನವಾಯಿತು. ಆ ಒಂದು ವಾರ ಇನ್ನು ವರ್ಷಗಟ್ಟಲೆ ಎಳೆಯುತ್ತದೆ. ಅಕ್ಕ ಸ್ಟೂಲು ಎಳೆದುಕೊಂಡು ಪಕ್ಕದಲ್ಲಿ ಕೂತಳು. ಅವಳಿಗೆ ನೆಮ್ಮದಿಯಾಗಿತ್ತು.

ಮರುದಿನ ಬೆಳಿಗ್ಗೆ ತಂಗಿಯ ಬಾಯಿ ಏನೋ ಹೇಳಲು ತೆರೆಯತೊಡಗಿತು. ಅಕ್ಕ ಮುಂದಕ್ಕೆ ಬಾಗಿದಳು. “ಏನೇ? ಹೇಳೇ, ಇಲ್ಲೇ ಇದೀನಿ.” ಗಂಟಲಿಂದ ಎಳೆದೆಳೆದು ಒಂದು ‘ಅ’ ಹೊರಟಿತು. ಅದು ಮುಗಿಯುವಷ್ಟರಲ್ಲಿ ಕಿಟಕಿಯ ಬಿಸಿಲು ನೆಲ ದಾಟಿ ಎದುರು ಗೋಡೆ ಹತ್ತಿತ್ತು. ಅಕ್ಕ ಗಂಜಿ ಕಾಯಿಸಿದಳು, ಆರಿತು. ಮತ್ತೆ ಕಾಯಿಸಿದಳು, ಮತ್ತೆ ಆರಿತು. ಕೆಳಗೆ ಬೀದಿಯಲ್ಲಿ ಜನ ಹೋದರು, ಬಂದರು, ಜಗಳವಾಡಿದರು. ಹೊತ್ತು ಮುಳುಗುವಾಗ ‘ಕ್ಕ’ ಮುಗಿಯಿತು. ಒಂದೇ ಒಂದು ‘ಅಕ್ಕ’ಕ್ಕೆ ಇಡೀ ದಿನ ಹಿಡಿದಿತ್ತು!

ಅಬ್ಬಾ, ಅವಳಿಗೆ ಬಂದ ಸಿಟ್ಟು! ಮುಂದಿನ ಮಾತು ಯಾವಾಗ? ಎದುರಿಗೇ ಮಲಗಿದ್ದಾಳೆ, ಮುಟ್ಟಿದರೆ ಬೆಚ್ಚಗಿದ್ದಾಳೆ, ಆದರೂ ಸಿಗುತ್ತಿಲ್ಲ. ಹುಟ್ಟಿದಾಗಿನಿಂದ ಅಕ್ಕ ಯಾರಿಗಾಗಿಯೂ ಹೀಗೆ ಕಾದಿರಲಿಲ್ಲ. ಕಾದದ್ದೆಲ್ಲ ತಂಗಿ. ಅದು ಹೊಳೆದದ್ದೇ ತಡ, ಬಿಕ್ಕಿಬಿಕ್ಕಿ ಅತ್ತಳು. ತಾನಿಲ್ಲಿ ಉಳಿಸಿಕೊಂಡದ್ದು ತಂಗಿಯ ಉಸಿರನ್ನು ಮಾತ್ರ, ತಂಗಿಯನ್ನಲ್ಲ.

ಗುರುತನ್ನು ಅಳಿಸಿದರೆ ಉಳಿಯುವುದು ಕೆಲವೇ ದಿನ ಎಂದು ಅವಳಿಗೆ ಚೆನ್ನಾಗಿ ಗೊತ್ತಿತ್ತು. ಆದರೂ ಉಳಿ ತೆಗೆದು, ಹಲಗೆಯನ್ನು ಹೆರೆದು ನುಣ್ಣಗೆ ಮಾಡಿದಳು.

“...ಸ್ವಲ್ಪ ನೀರು ಕೊಡೇ” ಎಂದಳು ತಂಗಿ.

ಅಕ್ಕ ತಲೆ ಎತ್ತಿ ಹಿಡಿದು ಕುಡಿಸಿದಳು.

“ಯಾಕೇ ಮುಖ ಹಿಂಗೆ ಬಾಡಿದೆ? ಒಂದು ನಿದ್ದೆ ತೆಗೆಯೋ ಅಷ್ಟರಲ್ಲಿ ಏನಾಯ್ತು ನಿಂಗೆ?”

“ಕಾಯ್ತಾ ಕೂತಿದ್ದೆ ಕಣೇ.”

“ನೀನಾ? ಕಾಯ್ತಾ?” ತಂಗಿಗೆ ನಗು ಉಕ್ಕಿ ಕೆಮ್ಮು ಹತ್ತಿತು. “ಹೆಂಗಿತ್ತು?”

“ಸಾಕಪ್ಪಾ ಸಾಕು. ಅಷ್ಟು ವರ್ಷ ಹೆಂಗೆ ಕಾದೆಯೇ ನೀನು?”

“ಬೈಕೊಂಡು ಕಾದೆ. ಇನ್ನೇನು ಮಾಡ್ಲಿ?”

ಅಕ್ಕ ಮತ್ತೆ ಅಂಗಡಿಯ ಕಡೆ ತಲೆ ಹಾಕಲಿಲ್ಲ. ತಂಗಿ ಮಾತಾಡಿದಳು, ಅಕ್ಕ ಕೇಳಿದಳು. ತಾನು ನೋಡದ ಮದುವೆಯ ಗಲಾಟೆ, ಕಾಣದ ತಂಗಿಯ ಗಂಡನ ಗೊರಕೆ, ಸಾಲಾಗಿ ಕಣ್ಣು ಮುಚ್ಚಿದ ಗೆಳತಿಯರು, ಎಲ್ಲವನ್ನೂ ಕೇಳಿಸಿಕೊಂಡಳು. ಇಬ್ಬರೂ ನಕ್ಕರು, ಒಂದೆರಡು ಸಲ ಜಗಳವನ್ನೂ ಆಡಿದರು. ದಿನಗಳು ಎಲ್ಲರ ಮನೆಯಲ್ಲಿ ಓಡುವ ಹಾಗೆಯೇ ಓಡಿದವು.

ಒಂದು ಮಧ್ಯಾಹ್ನ ತಂಗಿ ಹೊಲಿಗೆ ಯಂತ್ರದ ವಿಷಯ ಎತ್ತಿದಳು. “ಅದನ್ನ ಸುಮ್ಮನೆ ತುಕ್ಕು ಹಿಡಿಸ್ಬೇಡ ಅಕ್ಕ. ಎಣ್ಣೆ ಹಾಕಿ, ಎದುರು ಮನೆಯವಳಿಗೆ...” ಎಂದು ನಿಲ್ಲಿಸಿದಳು. ಅಕ್ಕ ಮುಂದಿನ ಮಾತಿಗಾಗಿ ಕಾದಳು. ಸುಮಾರು ಹೊತ್ತು ಕಾದ ಮೇಲೆ, ಆ ಮಾತು ಇನ್ನು ಬರುವುದಿಲ್ಲ ಎಂದು ಅವಳಿಗೆ ಅರ್ಥವಾಯಿತು.